ತೊಳೆದು ಕೊಟ್ಟ ಖಾಲಿ ಸ್ಟ್ರಿಪ್‌ಗಳು

ಬೆಳಿಗ್ಗೆ ಆರಕ್ಕೆ ಅತ್ತೆಗೆ ಮಾತ್ರೆ. ಅದಕ್ಕೆ ಮೊದಲು ಕುಚ್ಚಲಕ್ಕಿ ತೊಳೆದು ಗಂಜಿಗೆ ಇಡುತ್ತೇನೆ, ಹಾಲು ಕಾಯಲಿಟ್ಟು ಅದರ ಕವರನ್ನು ಮಗುಚಿ ತೊಳೆದು ಕಿಟಕಿಯ ಸರಳಿಗೆ ಸಿಕ್ಕಿಸುತ್ತೇನೆ. ಆ ಸೋಮವಾರವೂ ಹಾಗೆಯೇ. ಅತ್ತೆ ಒಂದು ಗುಟುಕು ಬಿಸಿನೀರಿನಲ್ಲಿ ಮಾತ್ರೆ ನುಂಗಿ, "ಬರೆದೆಯಾ?" ಎಂದರು. ಬರೆದೆ. ಪುಸ್ತಕದಲ್ಲಿ ಗೆರೆ ಎಳೆದು ಗಂಟೆ, ಮಾತ್ರೆ, ನೋವು ಎಂದು ಮೂರು ಕಾಲಂ ಮಾಡಿದ್ದೇನೆ. ನೋವಿನ ಜಾಗದಲ್ಲಿ ಅವರು ಹೇಳಿದ್ದನ್ನೇ ಬರೆಯುವುದು: "ಅಡ್ಡಿಯಿಲ್ಲ", "ಸ್ವಲ್ಪ ಉಂಟು", ಒಮ್ಮೆ "ಸುಮ್ಮನಿರು".

ಅತ್ತೆಯದ್ದು ಬೆನ್ನೆಲುಬಿಗೆ ಹಬ್ಬಿದ ಕ್ಯಾನ್ಸರ್. ಮಾತ್ರೆ ಮಾರ್ಫಿನ್, ನಾಲ್ಕು ಗಂಟೆಗೊಂದು. ಎಲ್ಲ ಮೆಡಿಕಲ್ಲಿನಲ್ಲೂ ಸಿಗುವಂಥದ್ದಲ್ಲ. ಆಸ್ಪತ್ರೆಯ ಡಾಕ್ಟರು ಬರೆದುಕೊಟ್ಟ ಮೇಲೆ ಅಲ್ಲಿಯದೇ ಕೌಂಟರಿನಲ್ಲಿ, ದಪ್ಪ ರಿಜಿಸ್ಟರಿಗೆ ಸಹಿ ಹಾಕಿ ತರಬೇಕು. ಎರಡು ವಾರಕ್ಕೆ ಬೇಕಾದಷ್ಟೇ ಕೊಡುತ್ತಾರೆ. ಅದು ಸಿಗುವ ಮೊದಲು ಅತ್ತೆ ತಲೆದಿಂಬಿನ ಮೂಲೆ ಕಚ್ಚಿಕೊಂಡು ಮಲಗುತ್ತಿದ್ದರು. ಈಗ ಮಲಗಿದಲ್ಲಿಂದಲೇ ಹಾರ್ನ್ ಕೇಳಿ, ವಾಮಂಜೂರಿಗೆ ಬರುವ ಯಾವ ಬಸ್ಸು ತಡವಾಯಿತು ಎಂದು ಹೇಳುತ್ತಾರೆ.

ಆ ದಿನ ಡಬ್ಬಿಯಲ್ಲಿ ಉಳಿದದ್ದು ಐದು. ರಾತ್ರಿ ಮಲಗುವಾಗಿನ ಎರಡೂ ಸೇರಿ, ಅಂದಿಗೆ ಮಾತ್ರ. ಹತ್ತು ಗಂಟೆಯದ್ದನ್ನು ಕೊಡಲು ಪಕ್ಕದ ಮನೆಯ ಅಕ್ಕನನ್ನು ಕೂರಿಸಿ, ಪುಸ್ತಕವನ್ನು ಚೀಲಕ್ಕೆ ಹಾಕಿಕೊಂಡು ಬಸ್ಸು ಹತ್ತಿದೆ.

ಕೌಂಟರಿನವರು ಕನ್ನಡಕವನ್ನು ಹಣೆಗೆ ಏರಿಸಿಕೊಂಡು ರಿಜಿಸ್ಟರ್ ತೆರೆದರು.

"ಖಾಲಿ ಸ್ಟ್ರಿಪ್ ಕೊಡಿ, ಅಕ್ಕ."

"ಖಾಲಿಯದ್ದಾ? ಅದು ಶುಕ್ರವಾರವೇ ಹೋಯಿತಲ್ಲ."

"ಎಲ್ಲಿಗೆ?"

"ಒಣ ಕಸದ ಗಾಡಿಗೆ. ತೊಳೆದೇ ಕೊಟ್ಟದ್ದು."

"ತೊಳೆದದ್ದಾ!"

"ಸೋಪು ಹಾಕಿ," ಎಂದೆ. ನಮ್ಮಲ್ಲಿ ಶುಕ್ರವಾರ ಒಣ ಕಸದ ದಿನ. ಉಳಿದ ಮಾತ್ರೆಗಳನ್ನೆಲ್ಲ ಬಿಡಿಸಿ ಡಬ್ಬಿಗೆ ಹಾಕಿ, ಹಾಲಿನ ಕವರಿನ ಜೊತೆ ಸ್ಟ್ರಿಪ್‌ಗಳನ್ನೂ ತೊಳೆದು, ಒಣಗಿಸಿ, ರಬ್ಬರ್ ಬ್ಯಾಂಡ್ ಹಾಕಿ ಕೊಟ್ಟಿದ್ದೆ. ಕಾನ್ವೆಂಟಿನಲ್ಲಿ ಸಿಸ್ಟರುಗಳು ಕಲಿಸಿದ ಶಿಸ್ತು. ಎಸೆಯುವುದನ್ನೂ ಚೊಕ್ಕವಾಗಿ ಎಸೆಯಬೇಕು. ಹೋದ ಸಲ ಈ ಕೌಂಟರಿನವರೇ "ಖಾಲಿ ಸ್ಟ್ರಿಪ್ ವಾಪಸು ತರಬೇಕು" ಎಂದಿದ್ದರಂತೆ. ನಾನು ತಲೆ ಆಡಿಸಿ ಸಹಿಯನ್ನೂ ಹಾಕಿದ್ದೆನಂತೆ. ಪಕ್ಕದ ಗಾಲಿಕುರ್ಚಿಯಲ್ಲಿ ಅತ್ತೆ ನರಳುತ್ತಿದ್ದರು. ನನ್ನ ಕಿವಿ ಅವರ ಕಡೆಗಿತ್ತು.

"ನೀವು ಸುಳ್ಳು ಹೇಳ್ತೀರಿ ಅಂತ ಅಲ್ಲ, ಅಕ್ಕ. ಮಾತ್ರೆ ಹೊರಗೆ ಮಾರಿ ಇಲ್ಲಿ ಬಂದು ಮುಗಿಯಿತು ಅನ್ನುವವರೂ ಇದ್ದಾರೆ. ನಾಳೆ ಇನ್‌ಸ್ಪೆಕ್ಟರ್ ಕೇಳಿದ್ರೆ ನಾನು ಎಂತ ತೋರಿಸುವುದು? ಕಸದ ಗಾಡಿಯನ್ನಾ?"

ಅವರು ಹೇಳಿದ್ದರಲ್ಲಿ ತಪ್ಪಿರಲಿಲ್ಲ. ಆದರೆ ನನಗೆ ಆ ತಲೆದಿಂಬಿನ ಮೂಲೆ ನೆನಪಾಯಿತು. ನಾಳೆ ಬೆಳಿಗ್ಗೆ ಆರಕ್ಕೆ ಕೊಡಲು ಏನೂ ಇಲ್ಲ.

ಡಾಕ್ಟರ ಹತ್ತಿರ ಕಳಿಸಿದರು. ಅವರು ಬೆಳ್ಳಿಗೂದಲಿನ ಹೆಂಗಸು. ಪುಸ್ತಕವನ್ನು ಮೊದಲ ಪುಟದಿಂದ ಬೆರಳಿಟ್ಟು ಓದಿದರು. "ಸುಮ್ಮನಿರು" ಎಂಬಲ್ಲಿ ಬೆರಳು ನಿಂತಿತು. ತುಟಿ ಸ್ವಲ್ಪ ಅಗಲವಾಯಿತು.

"ಈಗ ಮನೆಯಲ್ಲಿ ಎಷ್ಟು ಉಂಟು? ಫೋನ್ ಮಾಡಿ, ಸ್ಪೀಕರ್ ಹಾಕಿ."

ಪಕ್ಕದ ಮನೆಯ ಅಕ್ಕ ಎತ್ತಿದರು. "ಡಬ್ಬಿಯಲ್ಲಿ ಎಷ್ಟು ಮಾತ್ರೆ ಉಂಟು ಅಕ್ಕ, ಎಣಿಸಿ ಹೇಳಿ," ಎಂದೆ.

"ನಾಲ್ಕು. ಹತ್ತರದ್ದು ಈಗಷ್ಟೇ ಕೊಟ್ಟೆ. ಎಂತ ಮಾರಾಯ್ತಿ, ನಾನು ತಿಂದೆ ಅಂತ ಸಂಶಯವಾ?"

ಡಾಕ್ಟರು ಬಾಯಿಗೆ ಕೈ ಅಡ್ಡ ಹಿಡಿದರು. ಪುಸ್ತಕದ ಲೆಕ್ಕವೂ ಡಬ್ಬಿಯ ಲೆಕ್ಕವೂ ಒಂದೇ ಆಗಿತ್ತು. ಒಂದು ಬಿಳಿ ಹಾಳೆ ಕೊಟ್ಟು, ಸ್ಟ್ರಿಪ್ ಏನಾಯಿತೆಂದು ಬರೆದು ಸಹಿ ಹಾಕಲು ಹೇಳಿದರು. ಅಂಚು ಬಿಟ್ಟು, ಶಾಲೆಯ ಕೈಬರಹದಲ್ಲೇ ಬರೆದೆ. "ಸೋಪು ಹಾಕಿದ್ದನ್ನು ಬರೆಯಬೇಕೂಂತ ಇರ್ಲಿಲ್ಲ," ಎನ್ನುತ್ತಾ ಅದನ್ನು ಫೈಲಿಗೆ ಸೇರಿಸಿದರು.

ಈ ಸಲ ಒಂದೇ ವಾರದ್ದು ಕೊಟ್ಟರು. ಮುಂದಿನ ಸೋಮವಾರ ಪ್ರತಿಯೊಂದು ಸ್ಟ್ರಿಪ್ಪೂ ಬರಬೇಕು. ಕೌಂಟರಿನವರು ಎರಡು ಸಲ ಎಣಿಸಿ, ನನ್ನಿಂದಲೂ ಎಣಿಸಿಸಿ, "ತೊಳೆಯಬೇಡಿ, ಆಯ್ತಾ?" ಎಂದರು. ಬಸ್ಸಿನಲ್ಲಿ ಚೀಲವನ್ನು ಮಡಿಲಲ್ಲಿಟ್ಟು ಎರಡೂ ಕೈಯಲ್ಲಿ ಹಿಡಿದುಕೊಂಡೆ. ಒಂದು ವಾರವಾದರೆ ಒಂದು ವಾರ. ವಾರಕ್ಕೊಮ್ಮೆ ಹೋಗಿ ಬರಲು ನನಗೆಂತ ಕಷ್ಟ?

ಎರಡು ಗಂಟೆಯದ್ದನ್ನು ಹೊತ್ತಿಗೆ ಸರಿಯಾಗಿ ಕೊಟ್ಟೆ. ನಡೆದದ್ದನ್ನೆಲ್ಲ ಹೇಳಿದಾಗ ಅತ್ತೆ, "ಸೋಪು ದಂಡ," ಎಂದು ಮಗ್ಗುಲು ಬದಲಿಸಿ ನಿದ್ದೆಹೋದರು. ಆರು ಗಂಟೆಯದ್ದಾದ ಮೇಲೆ ದಿಂಬಿಗೆ ಒರಗಿ ಕೂತರು. ನೋವಿನ ಜಾಗದಲ್ಲಿ "ಇಲ್ಲ" ಎಂದು ಬರೆಸಿದರು. ಆ ಪುಸ್ತಕದಲ್ಲಿ ಆ ಪದ ಮೊದಲ ಸಲ.

ನಾನು ಒಣಗಿದ ಬಟ್ಟೆ ತೆಗೆಯಲು ಅಂಗಳಕ್ಕೆ ಹೋದಾಗ ಪಕ್ಕದ ಮನೆಯ ಅಕ್ಕ ಸೌಟು ಹಿಡಿದುಕೊಂಡೇ ಕಂಪೌಂಡಿನ ಹತ್ತಿರ ಬಂದರು.

"ನಿಮ್ಮ ಅತ್ತೆ ಮಂಚದಿಂದಲೇ 'ನಿನ್ನ ಒಗ್ಗರಣೆ ಕರಟಿತು' ಅಂತ ಬೊಬ್ಬೆ ಹಾಕಿದ್ರು," ಎಂದರು. "ಕರಟಿದ್ದು ಹೌದು, ಮಾರಾಯ್ತಿ."