ನಮ್ಮಪ್ಪನ ಆಬದಾರಿಕೆ

ನಮ್ಮ ಮುತ್ತಜ್ಜ ಕೊಲ್ಹಾಪುರದ ಒಬ್ಬ ಸರದಾರರ ವಾಡೆಯಲ್ಲಿ ಆಬದಾರನಾಗಿದ್ದನಂತೆ. ಹಾಗೆಂದರೇನೆಂದು ಗಡಹಿಂಗ್ಲಜದ ನಮ್ಮ ಮನೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ಅಪ್ಪನಂತೂ ಅದು ಜಹಗೀರದಾರನಿಗಿಂತ ಒಂದು ಮೆಟ್ಟಿಲು ಮೇಲೆಂದೇ ತಿಳಿದಿದ್ದ. ಪೇಟೆಯಲ್ಲಿ ಬೆಲ್ಲದ ವ್ಯಾಪಾರ ಮಾಡಿಕೊಂಡಿದ್ದರೂ ಮನೆಯೊಳಗೆ ಅವನದು ದರ್ಬಾರು. ತಂಬಿಗೆ ಕೈಯಳತೆಯಲ್ಲಿದ್ದರೂ ತಾನಾಗಿ ನೀರು ಕುಡಿದವನಲ್ಲ. "ನೀರ" ಎಂದು ಕೂಗಿದರೆ ಅವ್ವನೋ ನಾನೋ ಓಡಬೇಕು.

ಅರವತ್ತರ ದಶಕದ ಮೊದಲಲ್ಲಿ ನನ್ನನ್ನು ನೋಡಲು ಇಚಲಕರಂಜಿಯಿಂದ ಒಂದು ಗಂಡು ಬಂತು. ಪವರ್‌ಲೂಮ್ ಮಗ್ಗಗಳಿದ್ದ ಮನೆತನ. ಅದಕ್ಕೂ ಮೊದಲು ಬಂದವರನ್ನೆಲ್ಲ ಅಪ್ಪ ತನ್ನ ಬಡಾಯಿಯಿಂದಲೇ ಓಡಿಸಿದ್ದ. ಈ ಹುಡುಗ ನನಗೆ ನೋಡಿದ ಕೂಡಲೇ ಹಿಡಿಸಿಬಿಟ್ಟ. ಅವನು ಮಾತೇ ಆಡುತ್ತಿರಲಿಲ್ಲ. ನಮ್ಮ ಮನೆಯಲ್ಲಿ ಮಾತು ಕೇಳಿ ಕೇಳಿ ನನಗೆ ಸಾಕಾಗಿತ್ತು. ಇದೊಂದು ಸಂಬಂಧ ಕೂಡಿ ಬರಲಿ ಎಂದು ಒಳಗೊಳಗೇ ಬೇಡಿಕೊಂಡೆ.

ತಾಟಿನಲ್ಲಿ ನೀರಿನ ಗ್ಲಾಸು ಇಟ್ಟುಕೊಂಡು ನಾನು ಹೊರಗೆ ಬರುವಷ್ಟರಲ್ಲಿ ಅಪ್ಪ ಶುರು ಮಾಡಿಯೇಬಿಟ್ಟಿದ್ದ. "ನಮ್ಮದು ಆಬದಾರ ಮನಿತನ ರೀ. ಯಾರ ಮುಂದೂ ಕೈಕಟ್ಟಿ ನಿಂತಾವ್ರಲ್ಲ."

ಜೊತೆಗೆ ಬಂದಿದ್ದ ಹುಡುಗನ ಅಜ್ಜ ಹರೆಯದಲ್ಲಿ ಕೊಲ್ಹಾಪುರದ ವಾಡೆಗಳಿಗೆ ಸೀರೆ, ತಲೆಗೆ ಸುತ್ತುವ ಪಟಕಾ ಮಾರುತ್ತಿದ್ದವನು. ಖುಷಿಯಿಂದ ಮುಂದೆ ಸರಿದ. "ಹೌದೇನ್ರಿ? ಆಬ್ ಅಂದ್ರ ಪಾರ್ಸಿಯೊಳಗ ನೀರು. ಅದನ್ನ ಸಂಭಾಳಿಸಾಂವ ಆಬದಾರ. ಸರದಾರರಿಗೆ ಕುಡಿಯಾಕ ನೀರು ಕೊಡೂದು ಅವನ ಕೆಲಸ."

ಅಪ್ಪ ಇಂಗು ತಿಂದ ಮಂಗನಂತಾದ. "ನೀರ ಕೊಡಾಂವ?"

"ಭಾಳ ನಂಬಿಕಿ ಕೆಲಸ ರೀ. ಯಾರರೆ ವಿಷ ಹಾಕಿದ್ರ ಅಂತ, ಮೊದಲ ತಾನು ಅಂಗೈಯಾಗ ಹಾಕ್ಕೊಂಡು ಕುಡದು, ಆಮ್ಯಾಲ ಧಣಿಗೆ ಕೊಡತಿದ್ದ." ಅಜ್ಜ ನನ್ನ ತಾಟಿನಿಂದ ಒಂದು ಗ್ಲಾಸು ಎತ್ತಿ ಅಪ್ಪನ ಮುಂದೆ ಹಿಡಿದ. "ಆಬದಾರ್ರ ಮನ್ಯಾಗ ಸುಮ್ನ ಹೆಂಗ ಕುಡೀಲಿ? ಮೊದಲ ನೀವು ಕುಡೀರಿ."

ಚೇಷ್ಟೆಯೋ ಮರ್ಯಾದೆಯೋ ತಿಳಿಯಲಿಲ್ಲ. ಕುಡಿದರೆ ಅಪ್ಪನ ಜಹಗೀರು ಮುಳುಗಿತು. ಕುಡಿಯದಿದ್ದರೆ ನೀರಿನಲ್ಲಿ ಏನೋ ಇದೆ ಎಂದಾಗಿ ಸಂಬಂಧ ಮುರಿಯಿತು. ಅಪ್ಪ ಗ್ಲಾಸು ಹಿಡಿದು ಅದನ್ನೇ ನೋಡುತ್ತ ಕೂತ. ನನಗೆ ಸಿಟ್ಟು ನೆತ್ತಿಗೇರಿತು. ತಲೆ ತಗ್ಗಿಸಿಕೊಂಡೇ ಹೇಳಿದೆ: "ಅಪ್ಪಾ, ತಾಟ ಹಿಡದು ಹಿಡದು ಕೈ ನೋಯಾಕತ್ತಾವ."

ಹುಡುಗ ನಕ್ಕ. ಅಪ್ಪ ಒಂದು ಸಲ ನನ್ನ ಮುಖ ನೋಡಿದ. ಅಂಗೈಗೆ ನೀರು ಸುರುವಿಕೊಂಡು ಕುಡಿದ, ಗ್ಲಾಸನ್ನು ಎರಡೂ ಕೈಯಿಂದ ಅಜ್ಜನಿಗೆ ಕೊಟ್ಟ. ಅಜ್ಜ ಪೂರ್ತಿ ಕುಡಿದು, "ನೀರು ಭಾಳ ಸಿಹಿ ಅದಾವ. ನಮಗ ಹೆಣ್ಣು ಮನಸಿಗೆ ಬಂತ್ರಿ" ಎಂದ.

ಮದುವೆಯ ಮರುದಿನ ನಾನು ಗಂಡನ ಮನೆಗೆ ಹೊರಟಾಗ ಅಪ್ಪ ಯಾರನ್ನೂ ಕೂಗದೆ ತಾನೇ ಒಳಗೆ ಹೋಗಿ ಒಂದು ಗ್ಲಾಸು ನೀರು ತುಂಬಿ ತಂದ. ಅಂಗೈಗೆ ಸುರುವಿಕೊಂಡು ಕುಡಿದು ನನ್ನ ಕಡೆ ಚಾಚಿದ. ರೂಢಿಯಿಲ್ಲದ ಕೈ, ಅರ್ಧ ನೀರು ನನ್ನ ಹೊಸ ಸೀರೆಯ ಮೇಲೆ ಚೆಲ್ಲಿತು. "ಕುಡಿಯವ್ವಾ" ಎಂದ. ದಾರಿಯಲ್ಲಿ ಕಾಗಲ ಊರು ಬರುವವರೆಗೂ ಬಸ್ಸಿನಲ್ಲಿ ನನ್ನ ಅಳು ನಿಲ್ಲಲೇ ಇಲ್ಲ. ಸೀರೆ ಒದ್ದೆಯಾಯಿತೆಂದು ಅಳುತ್ತಿದ್ದೇನೆ ಎಂದುಕೊಂಡ ನನ್ನ ಗಂಡ ಕಿಟಕಿ ತೆಗೆದು, "ಒಣಗ್ತೈತಿ ತಗೋ" ಎಂದ.