ಒಡಪಿನ ಕ್ಯಾಸೆಟ್ಟಿಗೆ ಹಾಡಿದವಳು

ಧಾರವಾಡದವರಿಗೆ ಸಂಗೀತವೆಂದರೆ ಬೈಠಕ್ಕು, ಹುಬ್ಬಳ್ಳಿಯವರಿಗೆ ಸಂಗೀತವೆಂದರೆ ಮೆರವಣಿಗೆ. ನಾನು ಧಾರವಾಡದಲ್ಲಿ ಹುಟ್ಟಿ, ಹುಬ್ಬಳ್ಳಿಗೆ ಸೊಸೆಯಾಗಿ ಬಂದು, ಈಗ ಎರಡೂ ಊರಿನ ನಡುವೆ ರಾಯಾಪುರದಲ್ಲಿ ಮನೆ ಕಟ್ಟಿಕೊಂಡಿರುವವಳು. ಹಾಗಾಗಿ ಇಬ್ಬರನ್ನೂ ಆಡಿಕೊಳ್ಳುವ ಹಕ್ಕು ನನಗಿದೆ ಎಂದು ತಿಳಿದಿದ್ದೇನೆ. ನಮ್ಮ ಮಹಿಳಾ ಮಂಡಳದ ವಾಟ್ಸಾಪ್ ಗುಂಪಿನಲ್ಲಿ ಒಂದು ದಿನ ಒಂದು ಪೋಸ್ಟರ್ ಬಂತು. ಹುಬ್ಬಳ್ಳಿಯಲ್ಲಿ ಜನ ಮೆಚ್ಚಿದ ಹಾಡುಗಳೆಲ್ಲ ಹುಟ್ಟಿದ ಜಾಗಗಳನ್ನು ಭಾನುವಾರ ಬೆಳಿಗ್ಗೆ ನಡೆದು ನೋಡೋಣ, ಬರ್ರಿ ಎಂದು ಕರೆದಿದ್ದರು. ನಾಟಕ ಕಂಪನಿ ಬಿಡಾರ ಹೂಡುತ್ತಿದ್ದ ಬಯಲು, ಮದುವೆ ಬ್ಯಾಂಡಿನ ಓಣಿ, ಹಾರ್ಮೋನಿಯಂ ರಿಪೇರಿ ಅಂಗಡಿ. ನಾಲ್ಕನೆಯದನ್ನು ಕನ್ನಡಕ ಹಾಕಿಕೊಂಡು ಮತ್ತೊಮ್ಮೆ ಓದಿದೆ. ಅಲ್ಲಿ ಹೀಗಿತ್ತು: ಒಡಪಿನ ಕ್ಯಾಸೆಟ್ ತಯಾರಾದ ಖೋಲಿ.

ಆ ಕ್ಯಾಸೆಟ್ಟಿನಲ್ಲಿರುವುದು ನನ್ನ ದನಿ. ಈ ಮಾತು ನನ್ನ ಗಂಡನಿಗೂ ಗೊತ್ತಿರಲಿಲ್ಲ.

ಒಡಪು ಎಂದರೇನು ಎಂಬುದನ್ನು ಈ ಕಡೆಯವರಿಗೆ ಹೇಳಬೇಕಾಗಿಲ್ಲ, ಆ ಕಡೆಯವರಿಗಾಗಿ ಹೇಳುತ್ತೇನೆ. ನಮ್ಮಲ್ಲಿ ಹೆಂಡತಿ ಗಂಡನ ಹೆಸರು ಹಿಡಿದು ಕರೆಯುವಂತಿಲ್ಲ. ಆದರೆ ಮದುವೆಯಲ್ಲಿ, ಸೀಮಂತದಲ್ಲಿ, ನಾಲ್ಕು ಹೆಂಗಸರು ಸೇರಿದಲ್ಲೆಲ್ಲ 'ಹೆಸರು ಹೇಳು, ಹೆಸರು ಹೇಳು' ಎಂದು ಜೀವ ತಿನ್ನುತ್ತಾರೆ. ಆಗ ಪ್ರಾಸವಿರುವ ಎರಡು ಸಾಲು ಕಟ್ಟಿ, ಅದರೊಳಗೆ ಗಂಡನ ಹೆಸರನ್ನು ಸೇರಿಸಿ ಹೇಳಬೇಕು. ಹೇಳುವ ತನಕ ಹೊಸ್ತಿಲು ದಾಟಗೊಡುವುದಿಲ್ಲ. ಪ್ರಾಸ ಹೊಳೆಯದ ಹುಡುಗಿಯರ ಪಾಡು ದೇವರಿಗೇ ಪ್ರೀತಿ. ಅಂಥವರಿಗಾಗಿ ಹುಬ್ಬಳ್ಳಿಯ ಒಬ್ಬ ಕ್ಯಾಸೆಟ್ ಅಂಗಡಿಯವರು ಒಂದು ಉಪಾಯ ಹೂಡಿದರು. ಸಿದ್ಧ ಒಡಪುಗಳನ್ನು ತಬಲಾ, ಹಾರ್ಮೋನಿಯಂ ಪೇಟಿಯ ಜೊತೆ ಹಾಡಿಸಿ ಮಾರುವುದು. ಹಾಡಲು ದನಿ ಇರುವ ಹುಡುಗಿ ಬೇಕಾಗಿತ್ತು. ಹತ್ತಿ ವ್ಯಾಪಾರಿಯಾಗಿದ್ದ ನನ್ನಪ್ಪನಿಗೆ ಆ ಅಂಗಡಿಯ ಮಾಲೀಕರು ಗೆಳೆಯರು. ನನಗೆ ಹತ್ತೊಂಬತ್ತು.

ಅಪ್ಪ ಒಪ್ಪಿದ್ದು ಒಂದೇ ಕರಾರಿನ ಮೇಲೆ: ಮದುವೆಯಾಗಬೇಕಾದ ಹುಡುಗಿಯ ಹೆಸರು ಅಂಗಡಿ ಅಂಗಡಿಗೆ ತೂಗಾಡಬಾರದು. ಕ್ಯಾಸೆಟ್ಟಿನ ಮೇಲೆ 'ಹಾಡಿದವರು: ಒಬ್ಬ ಸದ್ಗೃಹಸ್ಥರ ಮಗಳು' ಎಂದು ಅಚ್ಚಾಯಿತು. ಹಾಡಿದ್ದು ನಾನು, ಹೊಗಳಿಸಿಕೊಂಡದ್ದು ಅಪ್ಪ. ಕ್ಯಾಸೆಟ್ಟೇನೋ ಮನೆಮನೆಗೂ ಹೋಯಿತು. ನಾನು ನಲವತ್ತು ವರ್ಷ ಯಾರ ಮುಂದೆಯೂ ಬಾಯಿ ಬಿಡಲಿಲ್ಲ. ಆದರೆ ಆ ಪೋಸ್ಟರ್ ನೋಡಿದ ಮೇಲೆ ಒಂದು ಆಸೆ ಹೊಟ್ಟೆಯಲ್ಲಿ ಕೂತುಬಿಟ್ಟಿತು. ಅಲ್ಲಿ ನಿಂತು ಯಾರಾದರೂ ನನ್ನ ಹೆಸರು ಹೇಳುತ್ತಾರೋ ಏನೋ ಕೇಳಬೇಕು.

ನಮ್ಮ ಮನೆಯವರು ಧಾರವಾಡದ ಬೇಲೂರು ಕೈಗಾರಿಕಾ ಪ್ರದೇಶದ ಒಂದು ಕಾರ್ಖಾನೆಯಲ್ಲಿ ಯಂತ್ರದ ಸದ್ದು ಕೇಳಿಯೇ ಆಯುಷ್ಯ ಸವೆಸಿ ನಿವೃತ್ತರಾದವರು. ಹಾಡಿಗಾಗಿ ನಡೆಯುವುದು ಅವರಿಗೆ ಹುಚ್ಚುತನವಾಗಿ ಕಂಡಿತು. ಪೋಸ್ಟರಿನ ಕೊನೆಯ ಸಾಲು ಓದಿ ತೋರಿಸಿದೆ: 'ಮುಗಿದ ಮೇಲೆ ಗಿರಮಿಟ್, ಮಿರ್ಚಿ, ಚಹಾ.' ತಕ್ಷಣ ಬೂಟು ಹುಡುಕತೊಡಗಿದರು.

ದುರ್ಗದಬೈಲಿನಲ್ಲಿ ನಾವು ಹದಿನಾಲ್ಕು ಮಂದಿ ಸೇರಿದೆವು. ನಡೆಸಿಕೊಂಡು ಹೋಗುವವಳು ಇಪ್ಪತ್ತೈದರ ಆಸುಪಾಸಿನ ಹುಡುಗಿ. ಕೊರಳಲ್ಲಿ ಸಣ್ಣ ಸ್ಪೀಕರ್, ಕೈಯಲ್ಲಿ ನೋಟುಬುಕ್ಕು, ಗಂಟಲು ಮಾತ್ರ ತರಕಾರಿ ಲಿಲಾವು ಕೂಗುವವರನ್ನೂ ಸೋಲಿಸುವಂಥದು. "ಅಕ್ಕಾರ, ಕಾಕಾರ, ಗಾಡಿ ನೋಡ್ಕೊಂಡ ದಾಟ್ರಿ!" ಎಂದು ಕೂಗಿದರೆ ಗಾಡಿಗಳೇ ನಿಲ್ಲುತ್ತಿದ್ದವು.

"ಇಕಿಗೆ ಸ್ಪೀಕರ್ ಯಾಕ ಬೇಕಾತು?" ಎಂದರು ನಮ್ಮ ಮನೆಯವರು.

ನಾಟಕದ ಬಯಲು ಈಗ ವಾಹನ ನಿಲ್ಲಿಸುವ ಜಾಗವಾಗಿತ್ತು. ಹುಡುಗಿ ಎರಡು ಕಾರುಗಳ ನಡುವೆ ನಿಂತು, ರಾಜಾಪಾತ್ರದವನು ಪ್ರೇಕ್ಷಕರ 'ಒನ್ಸ್ ಮೋರ್' ಕೇಳಿ ಸತ್ತ ಮೇಲೂ ಎದ್ದು ಹಾಡುತ್ತಿದ್ದ ಕಥೆ ಹೇಳಿದಳು. ಅಷ್ಟರಲ್ಲಿ ಕಾರಿನ ಯಜಮಾನ ಬಂದು ಹಾರ್ನ್ ಹೊಡೆದ. ಬ್ಯಾಂಡಿನ ಓಣಿಯಲ್ಲಿ ಜರಿಯ ಕೋಟು ತೊಟ್ಟ ಒಬ್ಬ ಮುದುಕ ಕ್ಲಾರಿನೆಟ್ ಊದಿ ತೋರಿಸಿದ. ಅದನ್ನು ಕೇಳಿದ್ದೇ ತಡ, ನಮ್ಮ ಮನೆಯವರ ನಡಿಗೆಯೇ ಬದಲಾಯಿತು.

"ನಮ್ಮ ಮದುವ್ಯಾಗೂ ಇದ ಓಣಿ ಬ್ಯಾಂಡ ಇತ್ತು, ನೆನಪೈತೇನು?"

"ಐತ್ರಿ. ಕುದರಿ ಹೆದರಿ ನಿಮ್ಮನ್ನ ಬ್ಯಾರೆ ಓಣಿಗೆ ಒಯ್ದದ್ದೂ ನೆನಪೈತಿ."

ಹಾರ್ಮೋನಿಯಂ ಅಂಗಡಿಗೆ ಬೀಗವಿತ್ತು. ಅಂಗಡಿಯವರು ಹಾರ್ಮೋನಿಯಂ ಬಾರಿಸಲು ಮದುವೆಗೆ ಹೋಗಿದ್ದರಂತೆ. ನನಗೆ ಇದಾವುದೂ ಸರಿಯಾಗಿ ತಲೆಗೆ ಹೋಗುತ್ತಿರಲಿಲ್ಲ. ಎದೆ ಆಗಲೇ ನಾಲ್ಕನೆಯ ಜಾಗಕ್ಕೆ ಹೋಗಿ ಕೂತಿತ್ತು.

ಕ್ಯಾಸೆಟ್ ಅಂಗಡಿಯಲ್ಲಿ ಈಗ ಮೊಬೈಲ್ ಕವರ್ ಮಾರುತ್ತಾರೆ. ಮೇಲಿನ ಖೋಲಿಗೆ ಹೋಗುವ ಕಟ್ಟಿಗೆಯ ಮೆಟ್ಟಿಲು ಮಾತ್ರ ಅದೇ. ಆಗ ಬೀದಿಯ ಸದ್ದು ಒಳಗೆ ಬರದಿರಲೆಂದು ಆ ಖೋಲಿಯ ಗೋಡೆಗಳಿಗೆಲ್ಲ ಕೌದಿ ತೂಗುಹಾಕಿದ್ದರು. ಆದರೂ ಲಾರಿ ಬಂದಾಗಲೆಲ್ಲ ಹಾಡು ನಿಲ್ಲಿಸಿ ಮತ್ತೆ ಮೊದಲಿನಿಂದ ಶುರು ಮಾಡುತ್ತಿದ್ದೆವು. ಹುಡುಗಿ ನಮ್ಮನ್ನೆಲ್ಲ ಮೆಟ್ಟಿಲ ಬಳಿ ನಿಲ್ಲಿಸಿ ಮೊಬೈಲ್ ಒತ್ತಿದಳು. ಸ್ಪೀಕರಿನಿಂದ ದನಿ ಬಂತು:

ಸಜ್ಜಿ ರೊಟ್ಟಿ, ಎಣ್ಣಿಗಾಯಿ, ಮ್ಯಾಲೆ ಮೊಸರ ಕೆನಿ,
ಧಿನ್! ರಾಯರ ಕೈಯ ಹಿಡದು ಬಂದೆ, ಇದ ನನ್ನ ಮನಿ.

ಎಷ್ಟು ಎಳೆಯ ದನಿ, ಎಷ್ಟು ಪೊಗರು! ಮದುವೆಯೇ ಆಗದ ಹುಡುಗಿ ಇಡೀ ಸಂಸಾರ ಕಂಡವಳ ಹಾಗೆ ಹಾಡುತ್ತಿದ್ದಳು. ನನಗೆ ಆಕೆ ಬಹಳ ಇಷ್ಟವಾದಳು.

ಮೈಸೂರಿನ ಕಡೆಯಿಂದ ಬಂದಿದ್ದ ಒಬ್ಬರು ಕೈಯೆತ್ತಿದರು. "ಹೆಸರು ಬರೋ ಜಾಗದಲ್ಲಿ ಅದೇನು, ಬರೀ ತಬಲಾ?"

"ಅದ ಮಾಲಕರ ಬುದ್ಧಿವಂತಿಕಿ ರೀ," ಎಂದಳು ಹುಡುಗಿ. "ಯಾರ ಹೆಸರನ್ನೂ ಹಾಕದ ಜಾಗಾ ಬಿಟ್ರ ಎಲ್ಲಾ ಹೆಣ್ಮಕ್ಕಳೂ ತಂತಮ್ಮ ಗಂಡಂದ್ರ ಹೆಸರ ಹಾಕ್ಕೊಂಡ ಕಲೀತಾರ ಅಂತ." ಆಮೇಲೆ ದನಿ ತಗ್ಗಿಸಿದಳು. "ಹಾಡಿದಾಕಿ ಮಾಲಕರ ತಂಗಿ ಅಂತ ಹೇಳ್ತಾರ. ಕ್ಯಾಸೆಟ್ ಬಂದ ವರ್ಷದಾಗ ತೀರ್ಕೊಂಡ್ರಂತ, ಪಾಪ."

ಹದಿಮೂರು ಮಂದಿ ಒಟ್ಟಿಗೆ ಲೊಚಗುಟ್ಟಿದರು. ಎಲ್ಲರಿಗಿಂತ ಜೋರಾಗಿ ಲೊಚಗುಟ್ಟಿದವರು ನಮ್ಮ ಮನೆಯವರು.

"ಛೇ. ಎಂಥಾ ಛಲೋ ದನಿ. ಇಂಥಾವ್ರನ್ನ ದೇವರು ಲಗೂನ ಕರ್ಕೊಂತಾನ ನೋಡು," ಎಂದು ನನ್ನ ಕಡೆ ತಿರುಗಿ ಕಣ್ಣು ಒದ್ದೆ ಮಾಡಿಕೊಂಡರು. ನನಗೆ ನಗಬೇಕೋ ಅವರ ಬೆನ್ನಿಗೆ ಒಂದು ಗುದ್ದಬೇಕೋ ತಿಳಿಯಲಿಲ್ಲ. ನಲವತ್ತು ವರ್ಷ ನನ್ನ ಕೈಯ ರೊಟ್ಟಿ ತಿಂದ ಮನುಷ್ಯ, ಉಪ್ಪು ಹೆಚ್ಚಾಯಿತು ಎನ್ನುವುದನ್ನು ಬಿಟ್ಟು ನನ್ನ ಬಗ್ಗೆ ಇಷ್ಟು ಮನಸಾರೆ ಮಾತಾಡಿದ್ದು ನಾನು ಸತ್ತ ಮೇಲೆಯೇ.

ಹೇಳಿಬಿಡಲೇ ಎಂದುಕೊಂಡೆ. ಇಷ್ಟು ವರ್ಷ ಹೇಳದಿರಲು ಕಾರಣವೂ ಇತ್ತು. ಮದುವೆಯ ದಿನ ಅತ್ತೆಯ ಮನೆಯ ಹೊಸ್ತಿಲಲ್ಲಿ ಹೆಂಗಸರೆಲ್ಲ ಅಡ್ಡಗಟ್ಟಿ ಒಡಪು ಕೇಳಿದಾಗ ನಾನು ಬಾಯಿಯನ್ನೇ ತೆರೆದಿರಲಿಲ್ಲ. ಆ ಮನೆಯಲ್ಲೂ ಕ್ಯಾಸೆಟ್ ಇತ್ತು. ತುಟಿ ತೆರೆದರೆ ದನಿಯ ಗುರುತು ಸಿಗುತ್ತದೆ, ಅಪ್ಪನ ಮಾತು ಹೋಗುತ್ತದೆ ಎಂದು ಹೆದರಿದ್ದೆ. ಇಪ್ಪತ್ತನೆಯ ವಯಸ್ಸಿನಲ್ಲಿ ಇಡೀ ಜಗತ್ತು ನಮ್ಮನ್ನೇ ಕೇಳಿಸಿಕೊಳ್ಳುತ್ತಿದೆ ಎಂಬ ಭ್ರಮೆ ಇರುತ್ತದಲ್ಲ. ಒಂದು ತಾಸು ನಿಲ್ಲಿಸಿಕೊಂಡು, ಕಾಲು ನೋವು ಬಂದು ಅವರೇ ದಾರಿ ಬಿಟ್ಟರು. ಅಂದಿನಿಂದ ನಮ್ಮ ಅತ್ತೆ ಬಂದವರ ಮುಂದೆಲ್ಲ, "ಸೊಸಿ ಬಂಗಾರದಂಥಾಕಿ, ಖರೇ ಒಂದ ಒಡಪಾ ಹೇಳಾಕ ಬರೂದಿಲ್ಲ," ಎನ್ನುತ್ತಿದ್ದರು. ನಮ್ಮ ಮನೆಯವರ ಅಣ್ಣತಮ್ಮಂದಿರ ಹೆಂಡಂದಿರೆಲ್ಲ ಗಂಡಂದಿರ ಹೆಸರನ್ನು ಪ್ರಾಸದಲ್ಲಿ ಕುಣಿಸಿದರು. ಇವರದೊಂದು ಹೆಸರು ಯಾರ ಬಾಯಲ್ಲೂ ಬರದೆ ಉಳಿಯಿತು.

ಈಗ ಅಪ್ಪನೂ ಇಲ್ಲ, ಅತ್ತೆಯೂ ಇಲ್ಲ.

"ಆಕಿ ಸತ್ತಿಲ್ಲ," ಎಂದೆ.

"ಹಾಂ ರೀ?" ಎಂದಳು ಹುಡುಗಿ.

"ಆಕಿ ಮಾಲಕರ ತಂಗಿನೂ ಅಲ್ಲ, ಸತ್ತೂ ಇಲ್ಲ. ಆಕಿ ನಾನ."

ನಮ್ಮ ಮನೆಯವರು ಚೀಲದಿಂದ ಬಾಟಲಿ ತೆಗೆದು, "ಬಿಸಲ ಭಾಳ ಐತಿ, ಮೊದಲ ನೀರ ಕುಡಿ," ಎಂದರು.

ನೀರು ಕುಡಿದು ತಬಲಾದ ಕಥೆ ಹೇಳಿದೆ. ಮಾಲೀಕರ ಬುದ್ಧಿವಂತಿಕೆ ಏನೂ ಇರಲಿಲ್ಲ. ನನ್ನ ಕಾವಲಿಗೆ ಸೋದರತ್ತೆ ಬಂದು ಕೂತಿದ್ದಳು. ಯಾವುದಾದರೊಂದು ಹೆಸರು ಹಾಕಿ ಹಾಡಮ್ಮ ಎಂದು ಮಾಲೀಕರು ಹೇಳಿದ್ದೇ ಅವಳು ಎದ್ದು ನಿಂತಳು. ಕನ್ನೆ ಹುಡುಗಿ ಯಾವನದೋ ಹೆಸರನ್ನು ಗಂಡನ ಹೆಸರು ಅಂತ ಹೇಳುವುದೇ? ದೇವರ ಹೆಸರು ಹಾಕೋಣ ಎಂದರು. "ದೇವರನ್ನ ಮದುವಿ ಆಗ್ಯಾಳೇನು?" ಎಂದಳು. ಹೋಗಲಿ, ನನ್ನ ಹೆಸರೇ ಹಾಕಿಕೊಳ್ಳಲಿ ಎಂದು ಮಾಲೀಕರು ತಮಾಷೆಗೆ ಅಂದುಬಿಟ್ಟರು. ಸೋದರತ್ತೆಯ ಕೈ ಚಪ್ಪಲಿಯ ಕಡೆ ಹೋಯಿತು. ಆಗ ತಬಲಾದವರು, "ಜಗಳ ಬ್ಯಾಡ್ರಿ, ಅಲ್ಲೆ ನಾ ಒಂದ ಪೆಟ್ಟ ಬಾರಸ್ತೇನಿ," ಎಂದರು. ಇಡೀ ಕ್ಯಾಸೆಟ್ಟಿನಲ್ಲಿ ನಲವತ್ತು ಗಂಡಂದಿರ ಜಾಗಕ್ಕೆ ನಲವತ್ತು ಪೆಟ್ಟು ಬಿದ್ದವು.

ಜನ ಬಿದ್ದು ಬಿದ್ದು ನಕ್ಕರು. ಮೈಸೂರಿನವರು ಮಾತ್ರ ಬಿಡಲಿಲ್ಲ. "ಹಾಗಾದ್ರೆ ಒಂದು ಹೇಳಿ ಅಮ್ಮ, ಕೇಳೋಣ."

ಮೂವತ್ತು ವರ್ಷ ಸಾಲಿಯಲ್ಲಿ ಟೀಚರಾಗಿ ಮಗ್ಗಿ ಹೇಳಿಸಿ ನನ್ನ ಗಂಟಲು ಹರಿದ ಜರಡಿಯಂತಾಗಿದೆ. ಇನ್ನೊಂದು ತೊಂದರೆಯೂ ಇತ್ತು. ಅಲ್ಲಿ ತಬಲಾ ಇರಲಿಲ್ಲ, ಗಂಡ ಇದ್ದರು. ನೀರಿನ ಬಾಟಲಿಯ ಮುಚ್ಚಳ ತಿರುವುತ್ತ ನಿಂತಿದ್ದರು. ನಾನು ಸೆರಗು ಸರಿ ಮಾಡಿಕೊಂಡು ಶುರು ಮಾಡಿದೆ. ಸಜ್ಜಿ ರೊಟ್ಟಿ ಮುಗಿಯಿತು, ಎಣ್ಣಿಗಾಯಿ ಮುಗಿಯಿತು, ಮೊಸರಿನ ಕೆನಿಯೂ ಮುಗಿಯಿತು. ಆ ಜಾಗ ಬಂತು. ನಾಲಗೆ ಒಮ್ಮೆ ತಡವರಿಸಿತು, ಆಮೇಲೆ ಅವರ ಹೆಸರು ಹೇಳಿದೆ. ಪೂರ್ತಿ ಹೇಳಿದೆ, ಜೋರಾಗಿಯೇ ಹೇಳಿದೆ. ದನಿ ಒಡೆದಿದ್ದರೂ ಹಾಡಿನ ಬಳುಕು ಹಾಗೇ ಇತ್ತು. ಅನುಮಾನ ಪಡುವವರು ಯಾರೂ ಉಳಿಯಲಿಲ್ಲ.

ನಮ್ಮ ಮನೆಯವರ ಕಿವಿ ಕೆಂಪಾಗಿದ್ದವು. ಮುಚ್ಚಳ ಕೈಜಾರಿ ಮೋರಿಗೆ ಬಿದ್ದಿತ್ತು. "ನಮ್ಮವ್ವ ಇರಬೇಕಾಗಿತ್ತು," ಎಂದರು ಮೆಲ್ಲಗೆ.

ಹುಡುಗಿ ನೋಟುಬುಕ್ಕಿನಲ್ಲಿ ಮಾಲೀಕರ ತಂಗಿಯನ್ನು ಗೆರೆ ಎಳೆದು ಕಾಟು ಹಾಕಿದಳು. "ಹೆಸರ ಹೇಳ್ರಿ ಅಕ್ಕಾರ. ಇನ್ನ ಮುಂದ ಎಲ್ಲಾರಿಗೂ ನಿಮ್ಮ ಹೆಸರ ಹೇಳ್ತೇನಿ."

ನಾನು ಬಾಯಿ ತೆರೆಯುವುದರೊಳಗೆ ನಮ್ಮ ಮನೆಯವರು ಎದೆಯುಬ್ಬಿಸಿ ಹೇಳಿಬಿಟ್ಟರು.

"ಅದಲ್ಲ," ಎಂದೆ.

"ಅದಲ್ಲಂದ್ರ? ಇಕಿ ಹೆಸರ ಅದ ರೀ. ಆಧಾರ ಕಾರ್ಡ ತೋರಿಸಲೇನು?"

ಅವರು ಹೇಳಿದ್ದು ಸುಳ್ಳಲ್ಲ. ಅದು ಮದುವೆಯ ದಿನ ಅತ್ತೆ ತಾಟಿನ ಅಕ್ಕಿಯಲ್ಲಿ ಉಂಗುರದಿಂದ ಬರೆಸಿ ನನಗೆ ಇಟ್ಟ ಹೆಸರು. ಅವರ ಮನೆತನದಲ್ಲಿ ಸೊಸೆಯ ಹೆಸರು ಬದಲಿಸುವುದು ರೂಢಿ. ಒಳ್ಳೆಯ ಹೆಸರೇ. ನೌಕರಿ ಮಾಡಿದ್ದು, ಪಿಂಚಣಿ ಪಡೆಯುತ್ತಿರುವುದು ಎಲ್ಲ ಅದೇ ಹೆಸರಿನಲ್ಲಿ. ಆದರೆ ಕೌದಿ ತೂಗಿದ ಆ ಖೋಲಿಯಲ್ಲಿ ನಾನು ಹಾಡಿದಾಗ ಆ ಹೆಸರಿನವಳು ಹುಟ್ಟಿಯೇ ಇರಲಿಲ್ಲ.

"ಅಕ್ಕಿಯೊಳಗ ಬರೆದ ಹೆಸರಿನಾಕಿ ಹಾಡಿಲ್ಲವಾ," ಎಂದು ಹುಡುಗಿಗೆ ಹೇಳಿ, ಅಜ್ಜಿ ಇಟ್ಟಿದ್ದ ನನ್ನ ತವರಿನ ಹೆಸರನ್ನು ಹೇಳಿದೆ. ಎಷ್ಟೋ ವರ್ಷದ ಮೇಲೆ ಅದು ನನ್ನ ಕಿವಿಗೆ ಬಿದ್ದದ್ದು. ಅದನ್ನು ಹಿಡಿದು ಕರೆಯುವವರು ಒಬ್ಬೊಬ್ಬರಾಗಿ ಹೋಗಿ, ಸೋದರತ್ತೆ ಹೋದ ಮೇಲೆ ಯಾರೂ ಉಳಿದಿರಲಿಲ್ಲ. ಹುಡುಗಿ ದುಂಡಗೆ ಬರೆದು ನೋಟುಬುಕ್ಕನ್ನು ನನ್ನ ಮುಂದೆ ಹಿಡಿದಳು. ಅಕ್ಷರ ಸರಿಯಾಗಿದ್ದವು.

ನಮ್ಮ ಮನೆಯವರು ನಡಿಗೆ ಮುಗಿದ ಮೇಲೆ ಗಿರಮಿಟ್ ತಿಂದರು, ಮಿರ್ಚಿ ಮಾತ್ರ ಒಂದೇ ತಿಂದರು. ಅವರು ಎರಡನೆಯ ಮಿರ್ಚಿ ಬೇಡವೆಂದದ್ದನ್ನು ನಾನು ಹಿಂದೆಂದೂ ಕಂಡಿರಲಿಲ್ಲ. ಅವರ ತಾಯಿ ಇಟ್ಟ ಹೆಸರನ್ನು ನಾಲ್ಕು ಜನರ ಮುಂದೆ ಬೇಡವೆಂದಿದ್ದೆ. ನೋವಾಗಿರುತ್ತದೆ, ನನಗೂ ಕೆಡುಕೆನಿಸಿತು. ಹಾಗೆಂದು ಹುಡುಗಿಯನ್ನು ಕರೆದು ತಿದ್ದಿಸಬೇಕು ಅಂತ ಮಾತ್ರ ಅನಿಸಲಿಲ್ಲ.

ಬಸ್ ನಿಲ್ದಾಣದಲ್ಲಿ ಭಾನುವಾರದ ಗದ್ದಲ. ಅವರು ಟಿಕೆಟ್ ತರುತ್ತೇನೆಂದು ಮುಂದೆ ಹೋದರು, ನಾನು ಕಟ್ಟೆಯ ಮೇಲೆ ಕೂತೆ. ಮನೆಗೆ ಹೋದ ಮೇಲೆ ಇವರನ್ನು ಹೇಗೆ ರಮಿಸುವುದು, ಸಂಜೆ ಸಿಹಿ ಮಾದಲಿ ಮಾಡಿದರೆ ಸರಿಹೋದಾರೇ ಎಂದು ಲೆಕ್ಕ ಹಾಕುತ್ತಿದ್ದೆ. ರಾಯಾಪುರದ ಕಡೆ ಹೋಗುವ ಬಸ್ಸು ಬಂತು. ಜನ ನುಗ್ಗಿದರು. ಬಾಗಿಲ ಹತ್ತಿರ ಯಾರೋ ಯಾರನ್ನೋ ಹೆಸರು ಹಿಡಿದು ಕೂಗುತ್ತಿದ್ದರು. ಅಜ್ಜಿಯಂದಿರು ಇಡುತ್ತಿದ್ದಂಥ ಹಳೆಯ ಹೆಸರು. ಒಮ್ಮೆ ಕೂಗಿದರು, ಇನ್ನೊಮ್ಮೆ ಕೂಗಿದರು. ಎಂಥ ಹೆಂಗಸಪ್ಪಾ, ಇಷ್ಟು ಕೂಗಿದರೂ ಓಗೊಡುವುದಿಲ್ಲ ಎಂದುಕೊಂಡೆ. ಮೂರನೆಯ ಸಲ ಕೂಗಿದಾಗ ಪಕ್ಕದಲ್ಲಿ ಕೂತಿದ್ದ ಹೆಂಗಸು ನನ್ನ ತೋಳು ಮುಟ್ಟಿದಳು.

"ಅಲ್ಲೆ ಕೈ ಮಾಡಾಕತ್ತಾರಲ್ಲ ರೀ, ಆ ಕಾಕಾರು," ಎಂದಳು. "ನಿಮ್ಮನ್ನ ಕರ್ಯಾಕತ್ತಾರ ನೋಡ್ರಿ."