ನೋಹ ಮಾಸ್ತರರ ಬೆನ್ನು

ಬೀದರಿನಲ್ಲಿ ಆರ್ಕೆಸ್ಟ್ರಾಗಳಿಗೆ ಕೊರತೆಯಿಲ್ಲ. ಒಂದು ಕೀಬೋರ್ಡು, ಒಂದು ಢೋಲಕ್ಕು, ಪಕ್ಕದ ಓಣಿಯವರು ಜಗಳಕ್ಕೆ ಬರುವಷ್ಟು ದೊಡ್ಡ ಸ್ಪೀಕರು ಇದ್ದರೆ ಮುಗಿಯಿತು. ಆದರೆ ಕೋಲು ಆಡಿಸಿ ಆರ್ಕೆಸ್ಟ್ರಾ ನಡೆಸುವ ಕಂಡಕ್ಟರು ಜಿಲ್ಲೆಗೆಲ್ಲ ಒಬ್ಬರೇ: ನೋಹ ಮಾಸ್ತರರು. ಹೀಗೆಂದು ಹೇಳುವವರೂ ಅವರೊಬ್ಬರೇ.

ಹುಟ್ಟಿದ್ದು ಔರಾದ ತಾಲೂಕಿನ ಡಾಬಕಾದಲ್ಲಿ. ಮಿಷನ್ ಆಸ್ಪತ್ರೆಯ ನರ್ಸಮ್ಮ ಒಬ್ಬರು ಊರು ಬಿಡುವಾಗ ಕೊಟ್ಟುಹೋದ ವಾಯಲಿನ್ ಮನೆಯಲ್ಲಿತ್ತು. ಅದನ್ನು ನೋಹ ಎಷ್ಟು ಚೆನ್ನಾಗಿ ಬಾರಿಸಿದರೆಂದರೆ ಗಡಿಯಾಚೆಯ ಮಹಾರಾಷ್ಟ್ರದ ಮದುವೆಗಳಿಗೂ ಕರೆ ಬರತೊಡಗಿತು. ಭಾಲ್ಕಿಯ ಒಂದು ಶಾಲೆಯಲ್ಲಿ ಸಂಗೀತದ ಮಾಸ್ತರಿಕೆ ಸಿಕ್ಕಿತು. ಬೀದರಿನ ಚರ್ಚಿನಲ್ಲಿ ಹಾರ್ಮೋನಿಯಂ ನುಡಿಸುವ ಇವಾಂಜಲಿನ ಎಂಬವರು ಹೆಂಡತಿಯಾಗಿ ಸಿಕ್ಕರು. ಇಲ್ಲಿಗೇ ನಿಂತಿದ್ದರೆ ಒಬ್ಬ ಒಳ್ಳೆಯ ವಾದಕನ ಕಥೆಯಾಗಿ, ಯಾರೂ ಓದುತ್ತಿರಲಿಲ್ಲ.

ಆದರೆ ಮಾಸ್ತರರು ಒಮ್ಮೆ ಹೈದರಾಬಾದಿನ ದೊಡ್ಡ ಕ್ರಿಸ್‌ಮಸ್ ಸಂಗೀತೋತ್ಸವಕ್ಕೆ ಹೋದರು. ಅಲ್ಲಿ ಕಂಡಕ್ಟರೊಬ್ಬರು ಕೋಲು ಎತ್ತಿದ ಕೂಡಲೇ ವೇದಿಕೆ ತುಂಬ ಕೂತವರು ಉಸಿರು ಬಿಗಿಹಿಡಿದರು. ಏನೂ ಬಾರಿಸದ ಮನುಷ್ಯನಿಗೇ ಎಲ್ಲರಿಗಿಂತ ಜಾಸ್ತಿ ಚಪ್ಪಾಳೆ! ಮಾಸ್ತರರಿಗೆ ತಮ್ಮ ಯೋಗ್ಯತೆಗೆ ತಕ್ಕ ಕೆಲಸ ಯಾವುದೆಂದು ತಿಳಿಯಿತು. ಊರಿಗೆ ಬಂದವರೇ ವಾಯಲಿನ್ನನ್ನು ಅಲಮಾರಿಯ ಮೇಲೆ ಹಾಕಿ, ತಮ್ಮದೇ ಒಂದು ಆರ್ಕೆಸ್ಟ್ರಾ ಕಟ್ಟಿದರು.

ಬರಿ ಕೋಲು ಸಾಲದು ಎಂದು ಬಿದರಿ ಕೆಲಸದ ಕುತುಬೋದ್ದೀನನ ಹತ್ತಿರ ಕರಿ ಲೋಹದಲ್ಲಿ ಬೆಳ್ಳಿಬಳ್ಳಿ ಕೂರಿಸಿದ ಹಿಡಿ ಮಾಡಿಸಿದರು.

"ಮಾಸ್ತರ್ ಸಾಬ್, ಭಾಳ ವಜ್ಜಿ ಆಗ್ತದ್ರಿ. ಕೈ ನೋಯ್ತದ" ಎಂದ ಅವನು.

"ಹುದ್ದಿ ಅಂದ್ರ ವಜ್ಜಿನೇ ಇರ್ತದ ಕುತುಬೋದ್ದೀನ."

ಕೋಲು ಎಷ್ಟು ಭಾರವಾಯಿತೆಂದರೆ ತಾಳ ಮೊದಲು ಬಿದ್ದು, ಕೋಲು ಆಮೇಲೆ ಬೀಳುತ್ತಿತ್ತು.

ಮೊದಲ ಕಾರ್ಯಕ್ರಮ ಭಾಲ್ಕಿಯ ಒಂದು ಮದುವೆಯಲ್ಲಿ. ಮಾಸ್ತರರು ಹೈದರಾಬಾದಿನಲ್ಲಿ ಕಂಡಂತೆ ವಾದ್ಯದವರ ಕಡೆ ಮುಖ, ಜನರ ಕಡೆ ಬೆನ್ನು ಮಾಡಿ ನಿಂತರು. ಹೆಣ್ಣಿನ ತಂದೆ ಮಲ್ಲಿಕಾರ್ಜುನಪ್ಪ ಓಡಿಬಂದರು.

"ಮಾಸ್ತರ್ರ, ಎದುರಿಗಿ ಬೀಗರು ಕುಂತಾರ. ಅವ್ರಿಗಿ ಬೆನ್ನ ತೋರ್ಸಿ ನಿಂತೀರಿ? ನನ್ನ ಮಗಳ ಮದಿವಿ ಅದರಿ, ಮುರಿಬ್ಯಾಡ್ರಿ!"

ಮಾಸ್ತರರು ತಿರುಗಿದರು. ತಿರುಗಿದವರು ಮತ್ತೆ ಇಪ್ಪತ್ತು ವರ್ಷ ಹಾಡಿನ ನಡುವೆ ತಿರುಗಲಿಲ್ಲ. ಚರ್ಚಿನಲ್ಲೂ ಅಷ್ಟೇ, ಹಿರಿಯರು ಕೂತ ಸಭೆಗೆ ಬೆನ್ನು ತೋರಿಸುವುದುಂಟೇ? ಅವರು ಜನರತ್ತ ಕೋಲು ಆಡಿಸುತ್ತಿದ್ದರು. ಬೆನ್ನ ಹಿಂದೆ ಹಾರ್ಮೋನಿಯಂ ಹಿಡಿದು ಕೂತ ಇವಾಂಜಲಿನ ಒಮ್ಮೆ ತಲೆಯಾಡಿಸಿದರೆ ತಂಡದ ಹಬೀಬ ಢೋಲಕ್ಕಿಗೆ ಕೈ ಹಾಕುತ್ತಿದ್ದ. ಉಳಿದವರು ಹಬೀಬನ ತಾಳ ಹಿಡಿದುಕೊಂಡು ಹೋಗುತ್ತಿದ್ದರು. ಜನ ಮಾತ್ರ ಬಹಳ ಶಿಸ್ತು ಕಲಿತರು. ಮಾಸ್ತರರು ಕೋಲು ಎತ್ತಿದರೆ ಚಪ್ಪಾಳೆ, ಇಳಿಸಿದರೆ ಗಪ್‌ಚಿಪ್.

ಈ ವರ್ಷ ಅದೇ ಹೈದರಾಬಾದಿನ ಉತ್ಸವಕ್ಕೆ ಬೀದರಿನಿಂದ ಒಂದು ತಂಡ ಬೇಕೆಂದು ಸುದ್ದಿ ಬಂತು. ಮಾಸ್ತರರು ಕೂಡಲೇ ಕರಿ ಕೋಟು ಹೊಲಿಸಿದರು. "ಆ ಸ್ಟೇಜಿನ ಮ್ಯಾಲ ಒಮ್ಮಿ ಕೋಲ ಎತ್ತಿದ್ರ ಸಾಕು, ನಾ ಹುಟ್ಟಿದ್ದಕ್ಕ ಅರ್ಥ ಬರ್ತದ" ಎಂದು ಹೆಂಡತಿಗೆ ಹೇಳುವಾಗ ಕಣ್ಣು ಒದ್ದೆಯಾಗಿದ್ದು ನಿಜ. ಅದರ ಬಗ್ಗೆ ತಮಾಷೆ ಮಾಡಬಾರದು. ಕೋಟಿನ ಬಗ್ಗೆ ಮಾಡಬಹುದು.

ಉತ್ಸವದ ಕಡೆಯಿಂದ ತಂಡವನ್ನು ಪರೀಕ್ಷಿಸಲು ಬಂದವರು ಸುಶೀಲಕುಮಾರ. ಮೂಲ ಇಲ್ಲೇ ಹತ್ತಿರದ ಜನವಾಡದವರು, ಈಗ ಹೈದರಾಬಾದಿನವರು. ಮೊದಲ ಹಾಡು ಕೇಳಿ ಖುಷಿಪಟ್ಟರು.

"ಛಂದ ಅದರಿ. ಆದ್ರ ಅಲ್ಲಿ ಕಂಡಕ್ಟರು ವಾದ್ಯದವ್ರ ಕಡಿ ಮಾರಿ ಮಾಡಿ ನಿಂದರಬೇಕು. ಇನ್ನೊಮ್ಮಿ ಹಾಂಗ ಮಾಡ್ರಿ."

ಹಾಡು ಶುರುವಾಯಿತು. ಮಾಸ್ತರರು ತಿರುಗಿದರು. ಹಬೀಬ ಗಕ್ಕನೆ ನಿಂತ, ಎಲ್ಲರೂ ನಿಂತರು.

"ಏನ್ ತಪ್ಪಾತ್ರಿ ಮಾಸ್ತರ?"

"ಏನೂ ಆಗಿಲ್ಲ. ಬಾರ್ಸು."

"ಮತ್ತ ನಮ್ಮ ಕಡಿ ಯಾಕ ಹೊಳ್ಳಿದ್ರಿ? ನೀವು ಹೊಳ್ಳೋದು ಹಾಡ ಮುಗಿದ ಮ್ಯಾಲ, ಬೈಯಲಿಕ್ಕ ಅಲ್ರಿ?"

ಮತ್ತೊಮ್ಮೆ ಶುರು. ಈ ಸಲ ಪಾಪ, ಎಲ್ಲರೂ ಕೋಲನ್ನೇ ನೋಡಿದರು. ಅದು ತಡವಾಗಿ ಬಿತ್ತು, ಹಾಡು ಕುಂಟಿತು. ಇವಾಂಜಲಿನ ತಮ್ಮ ಹಾರ್ಮೋನಿಯಂ ಮುಚ್ಚಿಬಿಟ್ಟರು.

"ರೀ, ಅದು ಕೆಳಗ ಇಡ್ರಿ. ನಿಮ್ಮನ್ನ ನೋಡಿದ್ರ ನಂಗ ತಾಳ ತಪ್ತದ."

ಸುಶೀಲಕುಮಾರ ಕೆಮ್ಮಿದರು. "ತಂಡ ಬರ್ಲಿ. ಕಂಡಕ್ಟರು ನಮ್ಮಲ್ಲೇ ಒಬ್ರು ಇದ್ದಾರ. ವಾಯಲಿನ್ನಿಗಿ ಒಬ್ರು ಕಮ್ಮಿ ಅದಾರ ನೋಡ್ರಿ. ಬಾರ್ಸೋರು ಯಾರರೆ ಇದ್ದಾರೇನು?"

ಆಗ ಮೊದಲ ಸಲ ಇಡೀ ಆರ್ಕೆಸ್ಟ್ರಾ ಒಟ್ಟಿಗೆ ನೋಹ ಮಾಸ್ತರರನ್ನು ನೋಡಿತು.

ಮನೆಯಲ್ಲಿ ಮಾಸ್ತರರು ಊಟ ಬಿಟ್ಟು ಕೂತರು. "ಕೋಲ ಹಿಡಿದಾವ ಹೋಗಿ ಮಂದಿ ನಡುವ ಕುರ್ಚಿ ಮ್ಯಾಲ ಕೂಡಬೇಕೇನು?"

ಇವಾಂಜಲಿನ ಎದ್ದು ಅಲಮಾರಿಯ ಮೇಲಿಂದ ವಾಯಲಿನ್ ಇಳಿಸಿ, ಸೆರಗಿನಿಂದ ಧೂಳು ಒರೆಸಿ, ಅವರ ತೊಡೆಯ ಮೇಲಿಟ್ಟರು. "ನಾ ಮದಿವಿ ಆಗಿದ್ದು ಇದನ್ನ ಕೇಳಿ. ಕೋಲ ನೋಡಿ ಅಲ್ಲ."

ಹೋದರು. ಹೈದರಾಬಾದಿಗೆ ಕರಿ ಕೋಟು ಹಾಕಿಕೊಂಡೇ ಹೋದರು. ಹಿಂದಿನ ಸಾಲಿನ ಕುರ್ಚಿಯಲ್ಲಿ ಕೂತು ಬಾರಿಸಿದರು. ಡಾಬಕಾದ ಬೆರಳು ಏನನ್ನೂ ಮರೆತಿರಲಿಲ್ಲ; ಹಬೀಬ ಢೋಲಕ್ಕಿನ ಮೇಲಿನಿಂದ ಎರಡು ಸಲ ತಿರುಗಿ ನೋಡಿದ. ಹಾಡು ಮುಗಿದು ಚಪ್ಪಾಳೆ ಬಿತ್ತು. ಎಲ್ಲರೂ ಕೂತೇ ಇರುವಾಗ ಮಾಸ್ತರರೊಬ್ಬರು ಎದ್ದು, ವಾಯಲಿನ್ ಕಮಾನನ್ನು ಮೇಲಕ್ಕೆತ್ತಿ, ಗತ್ತಿನಿಂದ ಇಳಿಸಿದರು. ಚಪ್ಪಾಳೆ ನಿಂತಿತು.

ಬೀದರಿಗೆ ಬರುವ ಬಸ್ಸಿನಲ್ಲಿ ಕೇಳಿದರು: "ನೋಡಿದೇನು ಹಬೀಬ? ಇಡೀ ಹೈದರಾಬಾದ ನನ್ನ ಕೈಯಾಗ ಇತ್ತು."

"ಹೌದ್ರಿ ಮಾಸ್ತರ," ಎಂದ ಹಬೀಬ, ಢೋಲಕ್ಕನ್ನು ಮಡಿಲಿಗೆ ಎಳೆದುಕೊಳ್ಳುತ್ತ. "ಕೇಳೋ ಮಂದಿ ಮೊದಲಿಂದ ನಿಮ್ಮ ಹುಕುಮಿನಾಗೇ ಇದ್ದಾರ್ರಿ. ತಕರಾರು ಇದ್ದದ್ದು ಬಾರ್ಸೋರ್ದು."